ಉರಿಮಲೆಗೆ ಮೂರು ಬೆರಳು ಸಂದು

ಬಹಳ ಹಿಂದೆ, ಮೋಡಗಳು ನೆಲಕ್ಕೆ ಬಂದು ಕೂತು ದಣಿವಾರಿಸಿಕೊಂಡು ಹೋಗುತ್ತಿದ್ದ ಕಾಲದಲ್ಲಿ, ಕೊರೆನಾಡು ಅಂತ ಒಂದು ರಾಜ್ಯ ಇತ್ತು. ಅಲ್ಲಿ ಚಳಿ ಜಾಸ್ತಿ. ವರ್ಷಕ್ಕೆ ಎಂಟು ತಿಂಗಳು ಮಂಜು ಬೀಳುತ್ತಿತ್ತು. ಹೊಳೆ ಕಲ್ಲಾಗುತ್ತಿತ್ತು. ಹಾರುವ ಹಕ್ಕಿ ಹಾರುತ್ತಲೇ ಹೆಪ್ಪುಗಟ್ಟಿ ಅಂಗಳಕ್ಕೆ ಬೀಳುತ್ತಿತ್ತು. ಹೆಂಗಸರು ಅದನ್ನು ಒಳಗೆ ತಂದು, ಮಡಿಲಲ್ಲಿಟ್ಟು ಕರಗಿಸಿ, ಮತ್ತೆ ಹಾರಿಬಿಡುತ್ತಿದ್ದರು.

ಅಂಥ ನಾಡಲ್ಲೂ ಜನ ಸುಖವಾಗಿದ್ದರು. ಅದಕ್ಕೆ ಕಾರಣ ಉರಿಮಲೆ.

ಉರಿಮಲೆ ಅಂದರೆ ಹೊಟ್ಟೆಯೊಳಗೆ ಬೆಂಕಿ ಇಟ್ಟುಕೊಂಡ ಬೆಟ್ಟ. ನೆತ್ತಿಯ ಮೇಲೆ ಒಂದು ದೊಡ್ಡ ಬಾಯಿ, ಕೆಳಗೆ ಇನ್ನೆರಡು. ಮೈತುಂಬ ಸಣ್ಣ ಸಣ್ಣ ತೂತು. ತೂತುಗಳಿಂದ ಸದಾ ಹಬೆ ಬರುತ್ತಿತ್ತು. ಜನ ಬಿಸಿ ನೆಲ ನೋಡಿ ಮನೆ ಕಟ್ಟಿಕೊಂಡಿದ್ದರು. ಮನೆಯ ನೆಲ ಯಾವಾಗಲೂ ಬೆಚ್ಚಗೆ. ಅಡುಗೆಗೆ ಒಲೆ ಇಲ್ಲ. ತೂತಿನೊಳಗೆ ಗಡಿಗೆ ಇಳಿಸಿ, ಮೇಲೆ ಚಪ್ಪಡಿ ಎಳೆದರೆ ಮುಗಿಯಿತು. ಅನ್ನ ತಾನೇ ಬೇಯುತ್ತಿತ್ತು.

ಒಂದೇ ಒಂದು ಕಟ್ಟಳೆ. ಚಪ್ಪಡಿಯನ್ನು ಪೂರ್ತಿ ಎಳೆಯಬಾರದು. ಮೂರು ಬೆರಳು ಸಂದು ಬಿಡಬೇಕು. ಮಲೆ ಉಸಿರಾಡಬೇಕಲ್ಲ. ಮಕ್ಕಳಿಗೆ ಮಾತು ಬಂದ ಕೂಡಲೆ ದೊಡ್ಡವರು ಮೂರು ಬೆರಳು ಎತ್ತಿ ತೋರಿಸಿ, ಇದನ್ನು ಮರೀಬೇಡ ಅನ್ನುತ್ತಿದ್ದರು.

ಮಲೆಯ ನಡುವಲ್ಲಿ ಒಂದು ಬಿಸಿನೀರಿನ ಕೊಳ ಇತ್ತು. ದಿನಾ ಸಂಜೆ ಊರೆಲ್ಲ ಅಲ್ಲಿ ಮೀಯುತ್ತಿತ್ತು. ಅಲ್ಲೂ ಒಂದು ಪದ್ಧತಿ. ಕೊಳಕ್ಕೆ ಇಳಿದವರು ಮೊದಲು ಪಕ್ಕದಲ್ಲಿರುವವರ ಬೆನ್ನು ಉಜ್ಜಬೇಕು. ಗುರುತು ಇರಲಿ, ಬಿಡಲಿ. ರಾಜನಾಗಲಿ, ಕುರಿ ಕಾಯುವವನಾಗಲಿ. ಉಜ್ಜುವುದಕ್ಕೆ ತೇಲುಗಲ್ಲು ಇತ್ತು. ಅದು ಮಲೆಯೇ ಉಗುಳಿದ ಕಲ್ಲು. ಹಗುರ. ನೀರಲ್ಲಿ ತೇಲುತ್ತೆ.

ಕೊಳದ ಕೆಳಗೆ ಬೂದಿಯ ಇಳಿಜಾರು. ಮೆತ್ತಗಿನ ಕರಿ ಬೂದಿ. ಅದರ ಮೇಲೆ ಮರದ ಮಣೆ ಹಾಕಿ ಕೂತರೆ ಬುಡದವರೆಗೆ ಜಾರಿಕೊಂಡು ಬರಬಹುದು. ದೂರದ ದೇಶಗಳಿಂದ ಜನ ಅದಕ್ಕಾಗಿಯೇ ಬರುತ್ತಿದ್ದರು. ಅವರನ್ನು ಜಾರಿಸುವುದು ದುಗ್ಗನ ಕೆಲಸ.

ದುಗ್ಗ ಮಾತು ಕಡಿಮೆ ಇರುವ ಯುವಕ. ಮೂರು ಬೆರಳು ದಪ್ಪದ ಹಲಸಿನ ಮಣೆ ಅವನದು. ಅದನ್ನು ಬೆನ್ನಿಗೆ ಕಟ್ಟಿಕೊಂಡು ಏರುತ್ತಿದ್ದ. ಬಂದವರನ್ನು ಹಿಂದೆ ಕೂರಿಸಿಕೊಂಡು, ಹಿಮ್ಮಡಿ ಒತ್ತಿ ದಾರಿ ತಿರುಗಿಸುತ್ತಾ ಇಳಿಯುತ್ತಿದ್ದ.

ಅವನ ಹೆಂಡತಿ ಹೊನ್ನಿ. ಕೊಳದ ದಂಡೆಯಲ್ಲಿ ತೇಲುಗಲ್ಲು ಹಂಚುವ ಹುಡುಗಿಯಾಗಿದ್ದಳು. ಒಮ್ಮೆ ಅವನ ಮಣೆ ಮೇಲೆ ಕೂತು ಇಳಿದಳು. ಬುಡಕ್ಕೆ ಬಂದಾಗ ತಲೆಯೆಲ್ಲ ಬೂದಿ. "ಇದು ಜಾರಿಸೋದಲ್ಲ ಕಣಯ್ಯ, ಉರುಳಿಸೋದು" ಅಂದಳು. ಮಾರನೆಯ ದಿನ ಮತ್ತೆ ಬಂದಳು. ಆಮೇಲೆ ಮದುವೆಯಾದರು.

ಮದುವೆಯಾದ ವರ್ಷ ಹೊನ್ನಿ ಹಿಮದ ಹೊಳೆಗೆ ಬಿದ್ದ ಯಾರದೋ ಮಗುವನ್ನು ಎತ್ತಿದಳು. ಮಗು ಉಳಿಯಿತು. ಇವಳ ಮೂಳೆಗೆ ಶೀತ ಹೊಕ್ಕಿತು. ಅವತ್ತಿನಿಂದ ಬೆಚ್ಚಗಿನ ನೆಲದ ಮೇಲೆ ಮಲಗಿದರೆ ಮಾತ್ರ ಬೆಳಿಗ್ಗೆ ಏಳುತ್ತಿದ್ದಳು. ನೆಲ ಬೆಚ್ಚಗೇ ಇತ್ತು. ಹಾಗಾಗಿ ದಿನಾ ಏಳುತ್ತಿದ್ದಳು. ದುಗ್ಗ ದಿನಾ ಮಲೆಗೆ ಕೈ ಮುಗಿಯುತ್ತಿದ್ದ.

ಆ ನಾಡಿಗೆ ಸೊಬಗರಾಯ ಅಂತ ರಾಜ. ಕೆಟ್ಟವನಲ್ಲ. ಆದರೆ ಬಂದ ಅತಿಥಿಗಳು ಹೊಗಳಬೇಕು ಅನ್ನುವ ಆಸೆ ಹೆಚ್ಚು. ಒಂದು ದಿನ ಪರದೇಶದ ರಾಣಿಯೊಬ್ಬಳು ಬೂದಿಯ ಮೇಲೆ ಜಾರಿದಳು. ನಡುವೆ ಒಂದು ತೂತಿನ ಹಬೆ ತಾಗಿ ಅವಳ ಸೆರಗು ಕಮರಿತು.

"ಇಳಿಜಾರು ಚೆನ್ನಾಗಿದೆ. ಈ ತೂತುಗಳು ಅಸಹ್ಯ" ಅಂದು ಹೋದಳು.

ಅಷ್ಟಕ್ಕೇ ರಾಜನಿಗೆ ಊಟ ಸೇರಲಿಲ್ಲ.

ಆಗ ಒಬ್ಬ ಮಾಂತ್ರಿಕ ಬಂದ. ಹೆಸರು ಶೀತಕೇತು. ಕಡ್ಡಿಯಂಥ ಮೈ. ನೀಲಿ ತುಟಿ. ಮೈಮೇಲೆ ಏಳು ಕಂಬಳಿ. ಆದರೂ ನಡುಗುತ್ತಿದ್ದ. ಎಷ್ಟು ಬಿಸಿ ಸಿಕ್ಕಿದರೂ ಅವನಿಗೆ ಸಾಲದು. ಏಳು ರಾಜ್ಯದ ಒಲೆಗಳನ್ನು ಹೀರಿ ಬಂದಿದ್ದ.

"ದೊರೆ, ಆ ತೂತೆಲ್ಲ ನಾನು ಮುಚ್ಚಿಕೊಡ್ತೀನಿ" ಅಂದ. "ಇಳಿಜಾರು ರೇಷ್ಮೆ ಹಾಗೆ ಆಗುತ್ತೆ. ಬಿಸಿಯೆಲ್ಲ ಒಂದು ಕೊಳವೆಯಲ್ಲಿ ಅರಮನೆಗೆ ಬರುತ್ತೆ. ಅಲ್ಲಿಂದ ನೀವು ಹಂಚಿ."

ಮಂತ್ರಿಗೆ ಅನುಮಾನ ಬಂತು. "ಮೂರು ಬೆರಳು ಸಂದು ಬಿಡ್ತೀಯೇನಪ್ಪ?" ಅಂತ ಕೇಳಿದ.

"ಅದೆಲ್ಲ ಗಡಿಗೆಗೆ ಸ್ವಾಮಿ, ಬೆಟ್ಟಕ್ಕಲ್ಲ" ಅಂದ ಮಾಂತ್ರಿಕ.

ರಾಜ ನಕ್ಕುಬಿಟ್ಟ. ಆಗಲಿ ಅಂದ.

ಶೀತಕೇತು ಒಂದೇ ಮಂತ್ರಕ್ಕೆ ಸಣ್ಣ ತೂತುಗಳನ್ನೆಲ್ಲ ಮುಚ್ಚಿದ. ಮಲೆಗೆ ಮೂರು ದೊಡ್ಡ ಬಾಯಿ ಇದ್ದವು. ಬೂದಿಯ ಇಳಿಜಾರಿನ ಬಾಯಿಯ ಮೇಲೆ ಕಲ್ಲಿನ ಆನೆಯನ್ನು ಕೂರಿಸಿದ. ಕೊಳದ ಬಾಯಿಗೆ ಕಬ್ಬಿಣದ ಮೊಸಳೆಯನ್ನು ಕಚ್ಚಿಸಿದ. ನೆತ್ತಿಯ ಬಾಯಿಗೆ ಒಕ್ಕುವ ಕಣದಷ್ಟು ಅಗಲದ ತಾಮ್ರದ ಮುಚ್ಚಳ ಹಾಕಿ, ಅದರ ಮೇಲೆ ತಾನೇ ಕೂತ. ಅರಮನೆಗೆ ಕೊಳವೆ ಬರಲಿಲ್ಲ. ಅದು ಅವನ ಬಾಯಲ್ಲೇ ಇತ್ತು.

ಸಂಜೆಯ ಹೊತ್ತಿಗೆ ಕೊರೆನಾಡಿನ ನೆಲ ತಣ್ಣಗಾಯಿತು. ಗಡಿಗೆಯಲ್ಲಿ ಅಕ್ಕಿ ಅಕ್ಕಿಯಾಗೇ ಉಳಿಯಿತು. ಸೌದೆ ಹಚ್ಚೋಣ ಅಂದರೆ ಆ ನಾಡಲ್ಲಿ ಸೌದೆಯೇ ಇಲ್ಲ. ಯಾರಿಗೂ ಯಾವತ್ತೂ ಬೇಕಾಗಿರಲಿಲ್ಲ.

ಬೆಳಿಗ್ಗೆ ಹೊನ್ನಿ ಏಳಲಿಲ್ಲ.

ಪಕ್ಕದ ಮನೆಯ ದೇವೀರಜ್ಜಿ ಬಂದಳು. ಊರಿಗೆಲ್ಲ ಮದ್ದು ಕೊಡುವ ಮುದುಕಿ. ಹೊನ್ನಿಯ ಪಾದ ಮುಟ್ಟಿ ನೋಡಿದಳು.

"ಶೀತ ಮೇಲೆ ಹತ್ತುತಾ ಇದೆ ಮಗ" ಅಂದಳು. "ಇವತ್ತು ಮಂಡಿಗೆ ಬರುತ್ತೆ. ನಾಳೆ ಸೊಂಟಕ್ಕೆ. ನಾಳಿದ್ದು ಎದೆಗೆ. ಎದೆ ದಾಟಿದರೆ ನನ್ನ ಕೈಲಿ ಇಲ್ಲ."

"ಮದ್ದು?"

"ಬಿಸಿ ನೆಲ. ಬೇರೆ ಏನಿಲ್ಲ."

ದುಗ್ಗ ಇದ್ದಬದ್ದ ಬಟ್ಟೆಯನ್ನೆಲ್ಲ ಹೆಂಡತಿಗೆ ಹೊದಿಸಿದ. ಮಣೆಯನ್ನು ಬೆನ್ನಿಗೆ ಕಟ್ಟಿದ. ಹೊನ್ನಿಯ ಬುಟ್ಟಿಯಿಂದ ಒಂದು ತೇಲುಗಲ್ಲು ಸೊಂಟಕ್ಕೆ ಸಿಕ್ಕಿಸಿಕೊಂಡ. ಆ ಕಲ್ಲು ಯಾಕೆ ಅಂತ ಅವನಿಗೂ ಗೊತ್ತಿರಲಿಲ್ಲ. ಅವಳದು, ಜೊತೆಗಿರಲಿ ಅನ್ನಿಸಿತು.

"ಎಲ್ಲಿಗೆ?" ಅಂದಳು ಹೊನ್ನಿ. ಕಣ್ಣು ತೆರೆಯಲಿಲ್ಲ.

"ಮೇಲಕ್ಕೆ."

"ಈ ಮಂಜಲ್ಲಿ ಯಾರನ್ನ ಜಾರಿಸ್ತೀಯ?"

"ನೋಡಣ" ಅಂದ. ಹೊರಟ.

ಮೊದಲನೆಯ ದಿನ ಬೂದಿಯ ಇಳಿಜಾರಿಗೆ ಬಂದ. ಕಲ್ಲಿನ ಆನೆ ಬಾಯಿಯ ಮೇಲೆ ಕುಕ್ಕರಿಸಿತ್ತು. ಗುಡಿಸಲಿನಷ್ಟು ದೊಡ್ಡದು. ಕಣ್ಣು ಮಾತ್ರ ಜೀವಂತ.

"ಏಯ್, ಹೋಗು" ಅಂತು ಆನೆ. "ತುಳಿದುಬಿಡ್ತೀನಿ."

"ತುಳಿಯೋಕೆ ನೀನು ಏಳಬೇಕಲ್ಲ" ಅಂದ ದುಗ್ಗ.

ಆನೆ ಯೋಚನೆ ಮಾಡಿತು. "ಅದೂ ಹೌದು. ಏಳಬಾರದು ಅಂತ ಅಪ್ಪಣೆ ಆಗಿದೆ. ಎಬ್ಬಿಸೋಕೆ ಬಂದೆಯಾ? ಹಗ್ಗ ತಂದಿದೀಯಾ? ಕೊಡಲಿ ತಂದಿದೀಯಾ?"

"ಮಣೆ ತಂದಿದೀನಿ."

"ಮಣೆ ಏನಕ್ಕೆ?"

"ಜಾರೋಕೆ."

"ಜಾರೋದು ಅಂದರೆ?"

ದುಗ್ಗನಿಗೆ ಮಾಡಿ ಗೊತ್ತು, ಹೇಳಿ ಗೊತ್ತಿಲ್ಲ. ಮಣೆ ಹಾಕಿದ. ಕೂತ. ಜಾರಿದ. ಬುಡಕ್ಕೆ ಹೋಗಿ, ಮತ್ತೆ ಏರಿ ಬಂದ. ಒಂದು ಸಲ. ಎರಡು ಸಲ. ಮೂರನೆಯ ಸಲ ಏರಿ ಬಂದಾಗ ಆನೆಯ ಸೊಂಡಿಲು ಸಣ್ಣಗೆ ಅಲುಗುತ್ತಿತ್ತು.

"ಇಳಿಯೋವಾಗ ಹೊಟ್ಟೆಯೊಳಗೆ ಏನಾದರೂ ಆಗುತ್ತಾ?" ಅಂತ ಕೇಳಿತು.

"ಆಗುತ್ತೆ. ಹಕ್ಕಿ ಹಾರಿದ ಹಾಗೆ ಆಗುತ್ತೆ."

"ನನ್ನ ಹೊಟ್ಟೇಲೂ?"

"ನಿನ್ನ ಹೊಟ್ಟೆ ದೊಡ್ಡದು. ಹದ್ದು ಹಾರಬಹುದು."

ಆನೆ ಬುಡದವರೆಗೆ ಕಣ್ಣಾಡಿಸಿತು. "ಮಂತ್ರ ಕೊಟ್ಟವನು ಏಳಬೇಡ ಅಂದ" ಅಂತು. "ಜಾರಬೇಡ ಅಂತ ಹೇಳಲಿಲ್ಲ."

ಹಾಗಂದು, ಕೂತ ಹಾಗೇ, ಅಂಡು ಸರಿಸಿತು. ಮಣೆ ಬೇಕಾಗಲಿಲ್ಲ. ಇಡೀ ಆನೆ ಇಳಿಜಾರಿನಲ್ಲಿ ಹೊರಟಿತು. ಕಿವಿ ಎರಡೂ ರೆಕ್ಕೆಯ ಹಾಗೆ ಬಿಚ್ಚಿಕೊಂಡವು. ಸೊಂಡಿಲು ಆಕಾಶಕ್ಕೆ. ಬೂದಿ ಎರಡು ಕಡೆ ಗೋಡೆಯಾಗಿ ಎದ್ದಿತು. ಬುಡಕ್ಕೆ ಬಂದಾಗ ಕಲ್ಲೆಲ್ಲ ಉದುರಿ, ಒಳಗಿದ್ದ ಬೂದುಬಣ್ಣದ ನಿಜವಾದ ಆನೆ ಹೊರಗೆ ಬಂತು.

ಮೇಲೆ ಮೊದಲನೆಯ ಬಾಯಿ ತೆರೆಯಿತು. ಒಂದು ಎಳೆ ಹಬೆ ಬಂತು. ಒಂದೇ ಎಳೆ. ಉಳಿದ ಬಿಸಿಯನ್ನು ನೆತ್ತಿಯ ಮೇಲೆ ಮಾಂತ್ರಿಕ ಹೀರುತ್ತಿದ್ದ. ಇವತ್ತು ಮಂಡಿ ತನಕ, ಅಂದುಕೊಂಡ ದುಗ್ಗ. ಮಲೆಗೆ ಕೈ ಮುಗಿದು ಏರಿದ.

ಎರಡನೆಯ ದಿನ ಕೊಳಕ್ಕೆ ಬಂದ. ಕೊಳ ಹೆಪ್ಪುಗಟ್ಟಿತ್ತು. ತಳದಲ್ಲಿ, ನೀರು ಚಿಮ್ಮುವ ಬಾಯಿಯನ್ನು ಕಬ್ಬಿಣದ ಮೊಸಳೆ ಕಚ್ಚಿ ಹಿಡಿದಿತ್ತು. ಬೆನ್ನು ಮಾತ್ರ ಮಂಜುಗಡ್ಡೆಯಿಂದ ಹೊರಗೆ. ಅದು ಮಾತಾಡಲಿಲ್ಲ. ಹೇಗೆ ಮಾತಾಡುತ್ತೆ. ಬಾಯಿ ತುಂಬ ಮಲೆ.

ದುಗ್ಗ ದಂಡೆಯಲ್ಲಿ ಕೂತ. ಬಾಯಿ ಬಿಡು ಅಂತ ಬೇಡಿಕೊಂಡ. ಬಿಡಲಿಲ್ಲ. ಬಾಲ ಹಿಡಿದು ಎಳೆದ. ಅಂಗೈ ಚರ್ಮ ಕಬ್ಬಿಣಕ್ಕೆ ಅಂಟಿ ಕಿತ್ತು ಬಂತು. ಹೊತ್ತು ಏರಿತು. ಏನು ಮಾಡುವುದು ತಿಳಿಯಲಿಲ್ಲ.

ಕೊಳಕ್ಕೆ ಬಂದಿದೀನಿ, ಪಕ್ಕದಲ್ಲಿ ಒಬ್ಬರು ಇದ್ದಾರೆ, ಬೆನ್ನು ಉಜ್ಜಲಿಲ್ಲ ಅನ್ನುವುದು ಆಗ ಅವನಿಗೆ ಹೊಳೆಯಿತು. ನಾಚಿಕೆಯಾಯಿತು. ತೇಲುಗಲ್ಲು ತೆಗೆದ. ಮಂಜುಗಡ್ಡೆಯ ಮೇಲೆ ಮಂಡಿಯೂರಿ ಉಜ್ಜಲು ಶುರುಮಾಡಿದ.

ಮೊದಲು ತುಕ್ಕು ಉದುರಿತು. ಆಮೇಲೆ ಕಬ್ಬಿಣದ ಹಕ್ಕಳೆ ಉದುರಿತು. ಕತ್ತಿನಿಂದ ಬಾಲದವರೆಗೆ ಉಜ್ಜಿದ. ಬಾಲದಿಂದ ಕತ್ತಿನವರೆಗೆ ಉಜ್ಜಿದ. ಮಧ್ಯಾಹ್ನ ದಾಟಿತು. ಕೆಳಗೆ ಮನೆಯಲ್ಲಿ ಶೀತ ಸೊಂಟಕ್ಕೆ ಬಂದಿರುತ್ತೆ ಅಂತ ಗೊತ್ತಿತ್ತು. ಆದರೂ ಅರ್ಧ ಬೆನ್ನು ಉಜ್ಜಿ ಬಿಡುವ ಪದ್ಧತಿ ಇಲ್ಲ. ಎಡ ಹೆಗಲ ಕೆಳಗೆ, ಯಾವ ಮೊಸಳೆಗೂ ತನ್ನ ಕಾಲು ಎಟುಕದ ಒಂದು ಜಾಗ ಇರುತ್ತೆ. ಅಲ್ಲಿಗೆ ಕಲ್ಲು ಹೋಯಿತು.

ಮೊಸಳೆ ನಡುಗಿತು. ಕಣ್ಣು ಮುಚ್ಚಿತು. ಆಮೇಲೆ "ಹಾ" ಅಂತು.

ಬಾಯಿ ಬಿಟ್ಟೇಬಿಟ್ಟಿತು. ಬಿಸಿನೀರು ಬುಗ್ಗನೆ ನುಗ್ಗಿತು. ಮಂಜುಗಡ್ಡೆ ಪಟಪಟ ಒಡೆಯಿತು. ದುಗ್ಗ ನೀರಿಗೆ ಬಿದ್ದ. ಮೊಸಳೆ ಅವನನ್ನು ಬೆನ್ನ ಮೇಲೆ ಎತ್ತಿ ದಂಡೆಗೆ ಹಾಕಿತು.

"ಇನ್ನೂ ಸ್ವಲ್ಪ ಎಡಕ್ಕೆ ಉಜ್ಜಬಹುದಿತ್ತು" ಅಂತು.

"ಬಂದು ಉಜ್ಜತೀನಿ. ಈಗ ಮೇಲಕ್ಕೆ ಹೋಗಬೇಕು. ಹೆಂಡತಿಗೆ ಹುಷಾರಿಲ್ಲ."

"ನಡಿ. ನಾನೂ ಬರ್ತೀನಿ."

ಅಷ್ಟರಲ್ಲಿ ಕೆಳಗಿನಿಂದ ಏದುಸಿರು ಬಿಡುತ್ತಾ ಆನೆ ಬಂತು. ಮೈಯೆಲ್ಲ ಬೂದಿ. ಹನ್ನೊಂದು ಸಲ ಜಾರಿ ಬಂದಿತ್ತು. "ಎಲ್ಲಿಗೆ ಹೊರಟಿರಿ ನನ್ನ ಬಿಟ್ಟು?" ಅಂತ ಕೇಳಿತು. ಮೂವರೂ ಏರಿದರು.

ಮೂರನೆಯ ದಿನ ನೆತ್ತಿಗೆ ಬಂದರು. ತಾಮ್ರದ ಮುಚ್ಚಳ ಮಿರಮಿರ ಮಿಂಚುತ್ತಿತ್ತು. ಕೆಳಗೆ ಮಲೆ ಗುಡುಗುತ್ತಿತ್ತು. ಉಸಿರು ಕಟ್ಟಿದ ಎತ್ತು ಒದ್ದಾಡಿದ ಹಾಗೆ ಇತ್ತು ಆ ಸದ್ದು. ಮುಚ್ಚಳದ ಮೇಲೆ ಶೀತಕೇತು ಏಳು ಕಂಬಳಿ ಹೊದ್ದು, ಸಣ್ಣ ಕೊಳವೆಯಿಂದ ಬಿಸಿ ಹೀರುತ್ತಾ ಕೂತಿದ್ದ. ಇವರನ್ನು ನೋಡಿ ಅವನು ಬಯ್ಯಲಿಲ್ಲ. ಎದ್ದು ನಿಂತು ದಾರಿ ಬಿಟ್ಟ.

"ಬಾರಪ್ಪ ಬಾ" ಅಂದ. "ನಿನ್ನಂಥವನು ಬರಲಿ ಅಂತಾನೇ ಕಾಯ್ತಾ ಇದ್ದೆ. ಮುಚ್ಚಳ ಹಾಕಿದವನು ಅದನ್ನ ತೆಗೆಯೋ ಹಾಗಿಲ್ಲ. ಮಂತ್ರದ ಕಟ್ಟು. ತಗೋ, ಎತ್ತು. ಪೂರ್ತಿ ಎತ್ತು."

ದುಗ್ಗ ಅವನನ್ನೇ ನೋಡಿದ.

"ನೋಡ್ತೀಯೇನು? ನಿನ್ನ ಹೆಂಡತಿಗೆ ಶೀತ ಎದೆ ಹತ್ತಿರ ಬಂದಿದೆ. ಒಂದೇ ಸಲ ಎತ್ತಿಹಾಕಿದರೆ, ಕಣ್ಣು ಮುಚ್ಚಿ ತೆಗೆಯೋದರೊಳಗೆ ನಿನ್ನ ಮನೆ ನೆಲ ಕಾಯುತ್ತೆ. ನಾನು ಸುಳ್ಳು ಹೇಳ್ತಾ ಇಲ್ಲ."

ಸುಳ್ಳು ಹೇಳುತ್ತಿರಲಿಲ್ಲ. ನೆಲ ಕಾಯುತ್ತಿತ್ತು. ಆಮೇಲೆ ಊರೂ ಉರಿಯುತ್ತಿತ್ತು. ಅಷ್ಟು ದಿನ ಅದುಮಿಟ್ಟ ಬೆಂಕಿ ಒಂದೇ ಸಲ ಹೊರಗೆ ನುಗ್ಗುತ್ತಿತ್ತು. ಅದನ್ನೆಲ್ಲ ಒಂದೇ ಗುಟುಕಿಗೆ ನುಂಗಬೇಕು ಅಂತ ಮಾಂತ್ರಿಕ ಕಾದಿದ್ದ. ಕೊಳವೆಯಲ್ಲಿ ಹೀರಿ ಹೀರಿ ಅವನ ತಾಳ್ಮೆ ತೀರಿತ್ತು.

"ಎತ್ತಲಾ?" ಅಂತು ಆನೆ. ಸೊಂಡಿಲನ್ನು ಆಗಲೇ ಮುಚ್ಚಳದ ಅಂಚಿಗೆ ಕೊಟ್ಟಿತ್ತು. ಮೊಸಳೆ ಬಾಲವನ್ನು ಮೀಟುಗೋಲಿನ ಹಾಗೆ ಕೆಳಗೆ ತೂರಿಸಿತ್ತು.

ದುಗ್ಗನಿಗೂ ಎತ್ತಿಬಿಡೋಣ ಅನ್ನಿಸಿತು. ನಾಲಿಗೆ ತುದಿಗೆ ಬಂದಿತ್ತು. ಆದರೆ ಕೈ ನೆನಪಿಟ್ಟುಕೊಂಡಿತ್ತು. ಹಸಿವು ತಡೆಯದೆ ಅವನು ಗಡಿಗೆಯ ಮುಚ್ಚಳಕ್ಕೆ ಕೈ ಹಾಕಿದಾಗಲೆಲ್ಲ ಹೊನ್ನಿ ಸೌಟಿನಲ್ಲಿ ಒಂದು ಕೊಡುತ್ತಿದ್ದಳು. "ಸುಟ್ಕೋತೀಯ. ಉಸಿರು ಬಿಡಲಿ ತಡಿ" ಅನ್ನುತ್ತಿದ್ದಳು.

"ಮೂರು ಬೆರಳು" ಅಂದ ದುಗ್ಗ.

"ಯಾರ ಬೆರಳು? ನನ್ನದಾ?" ಅಂತು ಆನೆ.

"ನಂದು."

ಆನೆ ಎತ್ತಿತು. ಮೊಸಳೆ ಮೀಟಿತು. ದುಗ್ಗ ತನ್ನ ಹಲಸಿನ ಮಣೆಯನ್ನು ಸಂದಿಗೆ ತೂರಿಸಿದ. ಅದು ಸರಿಯಾಗಿ ಮೂರು ಬೆರಳು. ಹಬೆ ಸೀಟಿ ಹೊಡೆಯುತ್ತಾ ಬಂತು.

ಆಮೇಲೆ ಮಾಡುವುದಕ್ಕೆ ಏನೂ ಇರಲಿಲ್ಲ. ಕಾಯುವುದೊಂದೇ.

ಅದೇ ಎಲ್ಲಕ್ಕಿಂತ ಕಷ್ಟ. ಮಣೆ ಜಾರದ ಹಾಗೆ ದುಗ್ಗ ಎರಡೂ ಕೈಲಿ ಹಿಡಿದು ಕೂತ. ಕೈ ಬೆಂದವು. ಬಿಡಲಿಲ್ಲ. ಬಿಸಿಲು ನೆತ್ತಿಗೆ ಬಂತು. ಈಗ ಎದೆಗೆ ಬಂದಿರುತ್ತೆ ಅಂದುಕೊಂಡ. ಬಿಸಿಲು ವಾಲಿತು. ಈಗ ಎದೆಯ ನಡುವಿಗೆ. ಮಲೆ ಉಸಿರು ಬಿಡುತ್ತಲೇ ಇತ್ತು. ಒಳಗೆ ಎಷ್ಟು ಇತ್ತೋ.

"ಇನ್ನೂ ನಾಲ್ಕು ಬೆರಳು ಎತ್ತೋ" ಅಂದ ಮಾಂತ್ರಿಕ.

ದುಗ್ಗ ಮಣೆಯನ್ನು ಇನ್ನೂ ಒತ್ತಿ ಹಿಡಿದ.

"ನೀನೆಂಥಾ ಗಂಡನಯ್ಯ? ಅವಳು ಅಲ್ಲಿ ಸಾಯ್ತಾ ಇದಾಳೆ. ನೀನು ಇಲ್ಲಿ ಮಣೆ ಹಿಡ್ಕೊಂಡು ಕೂತಿದೀಯ."

ದುಗ್ಗನ ಕಣ್ಣಲ್ಲಿ ನೀರು ಬಂತು. ಮಣೆಯಿಂದ ಕೈ ತೆಗೆದು ಒರೆಸಿಕೊಳ್ಳುವ ಹಾಗಿರಲಿಲ್ಲ. ಆನೆ ಸೊಂಡಿಲಿನಿಂದ ಒರೆಸಿತು.

"ನಿನ್ನ ಮಾತು ಸಾಕು" ಅಂತು ಮೊಸಳೆ ಮಾಂತ್ರಿಕನಿಗೆ. "ಬಾಯಿ ಮುಚ್ಚಿಕೊಂಡಿರೋದು ಹೇಗೆ ಅಂತ ನನ್ನ ಕೇಳು."

ಮಾಂತ್ರಿಕನಿಗೆ ತಡೆಯಲಾಗಲಿಲ್ಲ. ಕಣ್ಣ ಮುಂದೆ ಬಿಸಿ ಹೋಗುತ್ತಿದೆ. ಕೆಳಗಿನ ಊರಿಗೆ, ಯಾರು ಯಾರದೋ ಮನೆಗೆ. "ಅದು ನಂದು" ಅಂತ ಓಡಿಬಂದು ಸಂದಿಗೆ ಬಾಯಿ ಇಟ್ಟ. ಒಂದು ಗುಟುಕು ಹೀರಿದ. ಇನ್ನೊಂದು ಹೀರಿದ. ಕಂಬಳಿಗಳು ಉಬ್ಬಿದವು. ಮಲೆ ಅದೇ ಹೊತ್ತಿಗೆ ಒಂದು ದೀರ್ಘ ಉಸಿರು ಬಿಟ್ಟಿತು.

ಶೀತಕೇತು ಮೇಲಕ್ಕೆ ಹೋದ. ಬೂದಿ ಚೂರು ಹೋದ ಹಾಗೆ ಹೋದ. ಮೋಡದವರೆಗೆ ಕಾಣುತ್ತಿದ್ದ. ಆಮೇಲೆ ಕಾಣಲಿಲ್ಲ. ಕಂಬಳಿಗಳು ಒಂದೊಂದಾಗಿ ತೇಲುತ್ತಾ ಕೆಳಗೆ ಬಂದವು. ಆರು ಬಂದವು. ಏಳನೆಯದನ್ನು ಅವನು ಬಿಟ್ಟಿರಲಿಕ್ಕಿಲ್ಲ.

ಅವನು ಹೋದ ಮೇಲೆ ಮಂತ್ರವೂ ಉಳಿಯಲಿಲ್ಲ. ತಾಮ್ರದ ಮುಚ್ಚಳ ಹಪ್ಪಳದ ಹಾಗೆ ಪುಡಿಯಾಯಿತು. ಅಷ್ಟು ಹೊತ್ತಿಗೆ ಮಲೆಯ ಒಳಗಿನ ಒತ್ತಡ ಇಳಿದಿತ್ತು. ಬೆಂಕಿ ಹೊರಗೆ ನುಗ್ಗಲಿಲ್ಲ. ಮೈಯ ಸಣ್ಣ ತೂತುಗಳು ಒಂದೊಂದೇ ತೆರೆದುಕೊಂಡವು. ಮಲೆ ಮೊದಲಿನ ಹಾಗೆ, ನಿದ್ದೆ ಹೋದ ಹಸುವಿನ ಹಾಗೆ, ಸಮನಾಗಿ ಉಸಿರಾಡಿತು.

ದುಗ್ಗ ಇಳಿಯಲು ಮಣೆ ಇರಲಿಲ್ಲ. ಕರಕಲಾಗಿತ್ತು. "ಬೆನ್ನ ಮೇಲೆ ಕೂರು" ಅಂತು ಆನೆ. ಆನೆ ಅಂಡೂರಿ ಕೂತು, ನೆತ್ತಿಯಿಂದ ಬುಡದವರೆಗೆ ಒಂದೇ ಸಲ ಜಾರಿತು. ಅಷ್ಟು ಬೇಗ ಆ ಬೆಟ್ಟ ಇಳಿದವರು ಹಿಂದೆ ಇಲ್ಲ. ಮುಂದೆಯೂ ಇಲ್ಲ.

ಬುಡದಲ್ಲಿ ಸೊಬಗರಾಯ ನಿಂತಿದ್ದ. ಬರಿಗಾಲು. ತಲೆ ಮೇಲೆ ಕಿರೀಟ ಇಲ್ಲ. ಮೂರು ದಿನ ಊರ ಮಕ್ಕಳನ್ನೆಲ್ಲ ಅರಮನೆಯಲ್ಲಿ ಕೂಡಿಹಾಕಿ, ಬಾಗಿಲು, ಮಂಚ, ಸಿಂಹಾಸನ ಒಡೆದು ಬೆಂಕಿ ಹಾಕಿ ಅವರನ್ನು ಉಳಿಸಿದ್ದ. ಕೈತುಂಬ ಮರದ ಸಿಬಿರು ಚುಚ್ಚಿತ್ತು.

"ದುಗ್ಗಣ್ಣ, ತಪ್ಪು ನಂದು" ಅಂದ.

"ಆಮೇಲೆ ಮಾತಾಡಣ ದೊರೆ. ಹೆಂಡತಿ ಇದಾಳೆ" ಅಂದ ದುಗ್ಗ. ನಿಲ್ಲದೆ ಓಡಿದ. ರಾಜ ಅವನ ಹಿಂದೆ ಓಡಿದ.

ಮನೆಯ ನೆಲ ಬೆಚ್ಚಗಾಗಿತ್ತು. ಹೊನ್ನಿ ಮಲಗಿದ್ದಳು. ತುಟಿ ಬೆಳ್ಳಗಿತ್ತು. ದೇವೀರಜ್ಜಿ ತಲೆದೆಸೆಯಲ್ಲಿ ಕೂತಿದ್ದಳು. ದುಗ್ಗನ ಮುಖ ನೋಡಲಿಲ್ಲ.

"ಎದೆ ತುಂಬಿತ್ತು" ಅಂದಳು. "ಅದೇ ಹೊತ್ತಿಗೆ ನೆಲ ಬಿಸಿಯಾಯಿತು. ಮೊದಲೋ, ಆಮೇಲೋ, ನನಗೆ ತಿಳೀಲಿಲ್ಲ ಮಗ."

ದುಗ್ಗ ಕೆಳಗೆ ಕೂತ. ಅವಳ ಪಾದ ತೊಡೆಯ ಮೇಲೆ ಇಟ್ಟುಕೊಂಡ. ತಣ್ಣಗಿತ್ತು. ಉಜ್ಜಿದ. ಮಲೆಯನ್ನು ಬೇಡಲಿಲ್ಲ. ಬೇಡುವುದಕ್ಕೆ ಇನ್ನೇನೂ ಉಳಿದಿರಲಿಲ್ಲ. ಇಷ್ಟು ದಿನ ಕೊಟ್ಟೆಯಲ್ಲ ತಾಯಿ, ಅಷ್ಟು ದೊಡ್ಡದು ಅಂತ ಮಾತ್ರ ಮನಸ್ಸಿನಲ್ಲಿ ಅಂದುಕೊಂಡ. ಉಜ್ಜುತ್ತಲೇ ಇದ್ದ. ಆನೆ ಕಿಟಕಿಯಿಂದ ಇಣುಕಿ ನೋಡುತ್ತಿತ್ತು. ರಾಜ ಹೊಸಿಲ ಹೊರಗೆ ನಿಂತಿದ್ದ.

ಬಹಳ ಹೊತ್ತಾಯಿತು.

"ಕೈ ಯಾಕೆ ಇಷ್ಟು ಒರಟು ಕಣಯ್ಯ?" ಅಂದಳು ಹೊನ್ನಿ.

ಅವಳು ಕಣ್ಣು ಬಿಟ್ಟಳು. ಅವನ ಕೈ ಹಿಡಿದು ತಿರುಗಿಸಿ ನೋಡಿದಳು. ಬೊಬ್ಬೆ ಎದ್ದಿತ್ತು. "ಮುಚ್ಚಳಕ್ಕೆ ಕೈ ಹಾಕಿದೆ, ಅಲ್ವಾ?" ಅಂದಳು. "ಎಷ್ಟು ಸಲ ಹೇಳಿದೀನಿ."

ದೇವೀರಜ್ಜಿ ಎದ್ದು ಹೊರಗೆ ಹೋಗಿ, ರಾಜನ ಹೆಗಲ ಮೇಲೆ ತಲೆಯಿಟ್ಟು ಅತ್ತಳು. ರಾಜನೂ ಅತ್ತ.

ಆಮೇಲೆ ಸೊಬಗರಾಯ ಒಳಗೆ ಬಂದು ನೆಲದ ಮೇಲೆ ಕೂತ. "ಏನು ಬೇಕು ಕೇಳು ದುಗ್ಗಣ್ಣ. ಅರ್ಧ ರಾಜ್ಯ ಕೇಳಿದರೂ ಕೊಡ್ತೀನಿ."

"ಏನೂ ಬೇಡ ದೊರೆ. ಸಿಕ್ಕಿದೆ."

"ಇವನಿಗೆ ಕೇಳೋಕೆ ಬರಲ್ಲ ಬುದ್ಧಿ. ನಾನು ಕೇಳ್ತೀನಿ" ಅಂದಳು ಹೊನ್ನಿ. ಎದ್ದು ಗೋಡೆಗೆ ಒರಗಿದಳು. "ಆ ಮಾಂತ್ರಿಕ ಕೊಳವೆ ಅಂದನಲ್ಲ. ಅವನು ಕಳ್ಳ, ಆದರೆ ಆ ಮಾತು ಕೆಟ್ಟದ್ದಲ್ಲ. ಮಣ್ಣಿನ ಕೊಳವೆ ಮಾಡಿಸಿ. ಅರಮನೆಗಲ್ಲ. ಬಿಸಿ ನೆಲ ಸಿಗದೆ ಹೊಳೆ ಆಚೆ ಇರೋರಿಗೆ. ಬಾಣಂತಿ ಮನೆಗೆ ಮೊದಲು. ಆಮೇಲೆ ಮುದುಕರಿಗೆ. ಮನೆ ಮನೆಗೂ ಮೂರು ಬೆರಳು ಸಂದು ಇರಲಿ. ಮತ್ತೆ ಇವನಿಗೆ ಒಂದು ಹೊಸ ಮಣೆ."

ರಾಜ ಮರುದಿನವೇ ಹಾರೆ ಹಿಡಿದ. ಮೊದಲ ಗುಂಡಿ ತಾನೇ ತೋಡಿದ. ಕುಂಬಾರರು ಸಾವಿರ ಸಾವಿರ ಕೊಳವೆ ಸುಟ್ಟರು. ಸುಡಲು ಬಿಸಿ ಮಲೆಯೇ ಕೊಟ್ಟಿತು. ಹೊಳೆಯಾಚೆಗೂ ನೆಲ ಬೆಚ್ಚಗಾಯಿತು. ಹಬೆಯ ಬಲಕ್ಕೆ ಬೀಸುಕಲ್ಲು ತಾನೇ ತಿರುಗಿತು. ಮಂಜಿನ ನಡುವೆಯೇ ಬಿಸಿ ಮಣ್ಣಿನ ಪಾತಿಯಲ್ಲಿ ಬದನೆಕಾಯಿ ಬಿಟ್ಟಿತು. ಪರದೇಶದ ರಾಣಿ ಮತ್ತೆ ಬಂದಳು. ತೂತು ಬಂದ ಕಡೆ ಸೆರಗು ಕಟ್ಟಿಕೊಂಡು ಜಾರುವುದನ್ನು ಕಲಿತಳು. ಮೊಸಳೆ ದಿನಾ ಸಂಜೆ ಕೊಳದಲ್ಲಿ ಸಾಲಿನಲ್ಲಿ ನಿಲ್ಲುತ್ತಿತ್ತು. ಅದರ ಸರದಿ ಬಂದಾಗ ನಾಲ್ಕು ಜನ ಬೇಕಾಗುತ್ತಿತ್ತು. ಆನೆಗೆ ಜಾರುವುದರ ಹುಚ್ಚು ಬಿಡಲೇ ಇಲ್ಲ.

ಹೊನ್ನಿ, ದುಗ್ಗ ಬಹಳ ವರ್ಷ ಬಾಳಿದರು. ಬಹಳ ಅಂದರೆ ಎಷ್ಟು ಅಂತ ಕೇಳಿದರೆ, ಇಬ್ಬರ ತಲೆಯೂ ಒಟ್ಟಿಗೆ ಬೆಳ್ಳಗಾಗುವಷ್ಟು. ಒಬ್ಬರು ಕೂಗಿದರೆ ಇನ್ನೊಬ್ಬರಿಗೆ ಕಿವಿ ಕೇಳದಷ್ಟು. ಆದರೂ ಓಗೊಡುವಷ್ಟು. ದಿನಾ ಬೆಳಿಗ್ಗೆ ಅವಳು ಎದ್ದಳು. ದಿನಾ ಬೆಳಿಗ್ಗೆ ಅವನು ಅದನ್ನು ನೋಡಿದ.

ಕೊರೆನಾಡಿನ ಜನ ಹಾಗೆ ಇದ್ದರು. ನೀವೂ ಹಾಗೇ ಇರಿ.